ಕೂಲಿ ಕೇಳದ ಕೆಲಸಗಾರರು

ಕೀಟವೆಂಬ ಮಾತು ಕಿವಿಗೆ ಬಿದ್ದೊಡನೆ ನಮ್ಮ ಮನಸ್ಸಿನಲ್ಲಿ ಮೂಡುವ ಭಾವನೆ ಪ್ರೀತಿಯದಲ್ಲ. ಕಾಳಿಗೆ ಬೀಳುವ ನುಸಿ, ತೊಲೆಗೆ ಹತ್ತುವ ಗೆದ್ದಲು, ಇರುಳೆಲ್ಲ ಕಿವಿಯ ಬಳಿ ಗುಂಯ್‌ಗುಡುವ ಸೊಳ್ಳೆ, ಹತ್ತಿಯ ಕಾಯನ್ನು ಕೊರೆಯುವ ಹುಳು ಇವೇ ನೆನಪಾಗುತ್ತವೆ. ತುಸು ಉದಾರಿಗಳಾದವರು ಜೇನ್ನೊಣವನ್ನೂ ರೇಷ್ಮೆಹುಳುವನ್ನೂ ಬೇರೆಯಾಗಿ ತೆಗೆದಿಟ್ಟು, ಇವೆರಡು ಮಿತ್ರರು, ಉಳಿದವೆಲ್ಲ ಶತ್ರುಗಳು ಎಂದು ವಿಭಾಗ ಮಾಡುತ್ತಾರೆ. ಶಾಲೆಯ ಪಾಠಗಳಲ್ಲಿಯೂ ಉಪಕಾರಿ ಕೀಟಗಳು, ಅಪಕಾರಿ ಕೀಟಗಳು ಎಂಬ ಎರಡು ಪಟ್ಟಿಗಳುಂಟು. ವಿದ್ಯಾರ್ಥಿ ಅವನ್ನು ಬಾಯಿಪಾಠ ಮಾಡಿ, ಪರೀಕ್ಷೆಯಲ್ಲಿ ಬರೆದು, ಮರೆತುಬಿಡುತ್ತಾನೆ.

ಈ ವಿಭಾಗ ಶಾಸ್ತ್ರೀಯವಾದುದಲ್ಲ. ಜೊತೆಗೆ ನಷ್ಟವನ್ನೂ ತರುವಂಥದು ಎಂಬುದು ನನ್ನ ಅಭಿಪ್ರಾಯ. ವಿಜ್ಞಾನಿಗಳು ಇದುವರೆಗೆ ಹೆಸರಿಟ್ಟು ವರ್ಣಿಸಿರುವ ಕೀಟಜಾತಿಗಳು ಸುಮಾರು ೧೦ ಲಕ್ಷ. ಅವುಗಳಲ್ಲಿ ಬೆಳೆಗೋ ಮನುಷ್ಯನಿಗೋ ನಿಜವಾಗಿ ಹಾನಿಮಾಡುವವು ಅತ್ಯಲ್ಪ ಭಾಗ. ಉಳಿದವು ಭೂಮಿಯ ಮೇಲೆ ನಡೆಯಲೇಬೇಕಾದ ಕೆಲಸಗಳನ್ನು ಕೂಲಿಯಿಲ್ಲದೆ ನಡೆಸಿಕೊಂಡು ಬರುತ್ತಿರುವ ಕೆಲಸಗಾರರು. ಕೂಲಿ ಕೊಡದ ಕೆಲಸ ಲೆಕ್ಕದ ಪುಸ್ತಕಕ್ಕೆ ಬರುವುದಿಲ್ಲ. ಲೆಕ್ಕಕ್ಕೆ ಬಾರದುದು ಕಣ್ಣಿಗೂ ಬೀಳುವುದಿಲ್ಲ. ನಾನು ಭೌತಶಾಸ್ತ್ರದ ಅಧ್ಯಾಪಕ, ಕೀಟಶಾಸ್ತ್ರಜ್ಞನಲ್ಲ. ಆದರೆ ಬಂದುದೆಷ್ಟು, ಹೋದುದೆಷ್ಟು ಎಂದು ಲೆಕ್ಕವಿಡುವುದು ಭೌತಶಾಸ್ತ್ರದ ಮೊದಲ ಪಾಠ. ಆ ಪಾಠವನ್ನು ಹೊಲಕ್ಕೆ ಒಯ್ದು ನೋಡೋಣ. ಅದಕ್ಕಾಗಿ ದೂರ ಹೋಗಬೇಕಾಗಿಲ್ಲ. ಹಾವೇರಿ ಜಿಲ್ಲೆಯ ಹಾನಗಲ್, ಶಿಗ್ಗಾಂವಿ, ಸವಣೂರು, ಹಿರೇಕೆರೂರು ತಾಲ್ಲೂಕುಗಳ ಹೊಲಗಳೇ ಸಾಕು.

ಯಾವ ಬೆಳೆಗೆ ಯಾರು ಬೇಕು?

ಮೊದಲು ಉತ್ಪ್ರೇಕ್ಷೆಯನ್ನು ಬಿಡೋಣ. ಕೀಟಗಳಿಲ್ಲದಿದ್ದರೆ ಮನುಷ್ಯನಿಗೆ ಒಂದು ತುತ್ತೂ ಸಿಗಲಾರದು ಎಂದು ಕೆಲವರು ಹೇಳುವುದುಂಟು. ಅದು ನಿಜವಲ್ಲ. ಈ ಭಾಗದಲ್ಲಿ ಹಬ್ಬಿರುವ ಗೋವಿನಜೋಳಕ್ಕೆ ಪರಾಗವನ್ನು ಒಯ್ಯುವುದು ಗಾಳಿ. ಹಾನಗಲ್ಲಿನ ಗದ್ದೆಗಳ ಭತ್ತ ಬಹುಮಟ್ಟಿಗೆ ತನ್ನ ಪರಾಗದಿಂದಲೇ ಕಾಳು ಕಟ್ಟುತ್ತದೆ. ಸವಣೂರಿನ ಹೆಸರುವಾಸಿಯಾದ ವೀಳ್ಯದೆಲೆಯ ಬಳ್ಳಿಯನ್ನು ತುಂಡು ನೆಟ್ಟು ಬೆಳೆಸುತ್ತಾರೆ. ಅದಕ್ಕೆ ಹೂವಿನ ಹಂಗೇ ಇಲ್ಲ. ಅದೇ ಊರಿನ ಮಠದ ಆವರಣದಲ್ಲಿ, ಜನರು ದೊಡ್ಡ ಹುಣಸೆಯೆಂದು ಕರೆಯುವ ಭಾರಿ ಮರಗಳಿವೆ. ಆಫ್ರಿಕಾ ಮೂಲದ ಆ ಜಾತಿಯ ಹೂ ಅರಳುವುದು ಇರುಳಿನಲ್ಲಿ. ತವರಿನಲ್ಲಿ ಅದರ ಪರಾಗವನ್ನು ಒಯ್ಯುವ ಮುಖ್ಯ ಪ್ರಾಣಿಗಳಲ್ಲಿ ಬಾವಲಿಯೂ ಒಂದು. ಹೀಗೆ ಪರಾಗ ಸಾಗಿಸುವ ಕೆಲಸವೆಲ್ಲ ಕೀಟಗಳದೇ ಎನ್ನುವಂತಿಲ್ಲ.

ಇನ್ನೊಂದು ಪಕ್ಕವನ್ನೂ ನೋಡಬೇಕು. ಹಾನಗಲ್ಲಿನ ಮಾವಿಗೆ ಕೀಟ ಬೇಕು. ಸವತೆ, ಹೀರೆ, ಕುಂಬಳಗಳಲ್ಲಿ ಗಂಡು ಹೂವೇ ಬೇರೆ, ಹೆಣ್ಣು ಹೂವೇ ಬೇರೆ. ನಡುವೆ ಓಡಾಡುವವರಿಲ್ಲದಿದ್ದರೆ ಕಾಯಿಲ್ಲ. ಗುರೆಳ್ಳಿನ ಹೂವು ತನ್ನ ಗಿಡದ ಪರಾಗವನ್ನು ಸ್ವೀಕರಿಸುವುದೇ ಇಲ್ಲ. ಜೇನ್ನೊಣ ಬೇರೆ ಗಿಡದಿಂದ ತಂದುಕೊಟ್ಟರೆ ಮಾತ್ರ ಕಾಳು ಕಟ್ಟುತ್ತದೆ. ಸೂರ್ಯಕಾಂತಿಯ ತೆನೆ ತುಂಬುವುದೂ ಉಳ್ಳಾಗಡ್ಡಿಯ ಬೀಜ ಕಟ್ಟುವುದೂ ಹೆಚ್ಚಾಗಿ ಕೀಟಗಳ ಕೃಪೆಯಿಂದಲೇ. ಹತ್ತಿ, ಮೆಣಸಿನಕಾಯಿಗಳು ತಮ್ಮಷ್ಟಕ್ಕೆ ಕಾಯಿ ಕಟ್ಟಬಲ್ಲವಾದರೂ ಕೀಟಗಳು ಬಂದುಹೋದರೆ ಫಲ ಹೆಚ್ಚುತ್ತದೆ. ೨೦೧೬ರಲ್ಲಿ ವಿಶ್ವಸಂಸ್ಥೆಯ ಆಶ್ರಯದ ಅಂತರರಾಷ್ಟ್ರೀಯ ತಜ್ಞರ ಮಂಡಲಿಯೊಂದು ಪ್ರಕಟಿಸಿದ ವರದಿಯ ಪ್ರಕಾರ, ಜಗತ್ತಿನ ಮುಖ್ಯ ಆಹಾರ ಬೆಳೆಗಳ ವಿಧಗಳಲ್ಲಿ ಶೇಕಡಾ ೭೫ಕ್ಕೂ ಹೆಚ್ಚು ಸ್ವಲ್ಪಮಟ್ಟಿಗಾದರೂ ಪ್ರಾಣಿಗಳ ಪರಾಗಸ್ಪರ್ಶವನ್ನು ಅವಲಂಬಿಸಿವೆ. ಆದರೆ ತೂಕದ ಲೆಕ್ಕದಲ್ಲಿ ಇಂಥ ಬೆಳೆಗಳ ಪಾಲು ಸುಮಾರು ಶೇಕಡಾ ೩೫ ಮಾತ್ರ. ಎಂದರೆ, ಕೀಟಗಳು ಇಲ್ಲವಾದರೆ ಹೊಟ್ಟೆ ತುಂಬಿಸುವ ರೊಟ್ಟಿ, ಅನ್ನ ಉಳಿದಾವು. ಅವುಗಳ ಜೊತೆಗಿನ ಹಣ್ಣು, ಕಾಯಿಪಲ್ಯ, ಎಣ್ಣೆ ಬಹಳ ಮಟ್ಟಿಗೆ ಹೋದಾವು.

ಕೆಲಸವನ್ನು ಕೈ ಮಾಡಿದಾಗ

ಕೀಟದ ಕೆಲಸಕ್ಕೆ ಬೆಲೆ ಕಟ್ಟುವುದು ಹೇಗೆ? ಆ ಕೆಲಸವನ್ನು ಮನುಷ್ಯನೇ ಮಾಡಬೇಕಾಗಿ ಬಂದ ಸ್ಥಳಕ್ಕೆ ಹೋಗುವುದೇ ಸುಲಭವಾದ ಮಾರ್ಗ. ಅಂಥ ಸ್ಥಳ ನಮ್ಮ ಹತ್ತಿರದಲ್ಲಿಯೇ ಇದೆ.

೧೯೭೨ರಲ್ಲಿ ಧಾರವಾಡದಲ್ಲಿ ಡಾ. ಬಿ. ಎಚ್. ಕಟರಕಿಯವರು ‘ವರಲಕ್ಷ್ಮಿ’ ಎಂಬ ಸಂಕರ ಹತ್ತಿಯನ್ನು ಹೊರತಂದರು. ಎರಡು ಬೇರೆ ಬೇರೆ ಜಾತಿಯ ಹತ್ತಿಗಳನ್ನು ಕೂಡಿಸಿದ ಈ ಸಂಕರದ ನೂಲು ನೀಳವಾಗಿಯೂ ನಯವಾಗಿಯೂ ಇದ್ದುದರಿಂದ ಅದು ಬೇಗನೆ ಜನಪ್ರಿಯವಾಯಿತು. ೧೯೮೧ರಲ್ಲಿ ಅದೇ ಧಾರವಾಡದಿಂದ ‘ಜಯಲಕ್ಷ್ಮಿ’ ಬಂದಿತು. ಸಂಕರದ ಬೆಳೆಯಿಂದ ತೆಗೆದ ಬೀಜವನ್ನು ಮರುವರ್ಷ ಬಿತ್ತಿದರೆ ಮೊದಲಿನ ಗುಣ ಉಳಿಯುವುದಿಲ್ಲ. ಆದುದರಿಂದ ಬೀಜವನ್ನು ಪ್ರತಿವರ್ಷವೂ ಹೊಸದಾಗಿ ತಯಾರಿಸಬೇಕು. ಹೀಗೆ ಬೀಜೋತ್ಪಾದನೆಯೇ ಒಂದು ಉದ್ಯೋಗವಾಗಿ ರಾಣೇಬೆನ್ನೂರು, ಹಿರೇಕೆರೂರು ಮೊದಲಾದ ಭಾಗಗಳಲ್ಲಿ ಬೇರೂರಿತು. ಹತ್ತಿಯ ಜೊತೆಗೆ ಟೊಮೆಟೊ, ಬೆಂಡೆ, ಮೆಣಸಿನಕಾಯಿಗಳ ಸಂಕರ ಬೀಜಗಳೂ ಇಂಥ ಹೊಲಗಳಲ್ಲಿ ಸಿದ್ಧವಾಗುತ್ತವೆ.

ಕೆಲಸದ ಕ್ರಮ ಹೀಗಿದೆ: ಮರುದಿನ ಅರಳಲಿರುವ ಮೊಗ್ಗನ್ನು ಹಿಂದಿನ ದಿನ ಸಂಜೆ ಹುಡುಕಬೇಕು. ಹೆಬ್ಬೆರಳಿನ ಉಗುರಿನಿಂದ ದಳಗಳನ್ನೂ ಒಳಗಿನ ಪರಾಗಕೋಶಗಳ ಸುತ್ತನ್ನೂ ಶಲಾಕೆಗೆ ನೋವಾಗದಂತೆ ಬಿಡಿಸಿ ತೆಗೆಯಬೇಕು. ಬೇರೆ ಪರಾಗ ತಾಕದಂತೆ ಅದರ ಮೇಲೆ ಕಾಗದದ ಚೀಲ ತೊಡಿಸಬೇಕು. ಮಾರನೆಯ ಬೆಳಿಗ್ಗೆ ತಂದೆ ತಳಿಯ ಹೂವುಗಳನ್ನು ಕಿತ್ತುತಂದು, ಚೀಲ ತೆಗೆದು, ಪರಾಗವನ್ನು ಶಲಾಕೆಯ ತುದಿಗೆ ಸವರಿ, ಗುರುತು ಕಟ್ಟಬೇಕು. ಹತ್ತಿಯ ಹೂವು ಇರುವುದು ಒಂದೇ ದಿನ. ಬೆಳಿಗ್ಗೆ ಕೆನೆಬಣ್ಣದಲ್ಲಿ ಅರಳಿದ್ದು ಬಾಡುವಾಗ ಕೆಂಪೇರುತ್ತದೆ. ಇಂದಿನ ಹೂವನ್ನು ನಾಳೆಗೆ ಇಡುವಂತಿಲ್ಲ. ರೈತರು ‘ಕ್ರಾಸಿಂಗ್’ ಎಂದು ಕರೆಯುವ ಈ ಕೆಲಸ ಹೂವಿರುವ ಕಾಲವೆಲ್ಲ, ವಾರಗಟ್ಟಲೆ, ಒಂದು ದಿನವೂ ತಪ್ಪದೆ ನಡೆಯಬೇಕು.

ಇಲ್ಲಿ ಒಂದು ಮಾತನ್ನು ಸ್ಪಷ್ಟಪಡಿಸಬೇಕು. ಈ ಹೊಲಗಳಲ್ಲಿ ಕೈಕೆಲಸ ಬಂದುದು ಜೇನ್ನೊಣಗಳು ಇಲ್ಲವಾದುದರಿಂದಲ್ಲ. ಇಂಥ ತಂದೆಯ ಪರಾಗವನ್ನೇ ತಾ ಎಂದು ಜೇನ್ನೊಣಕ್ಕೆ ಆಜ್ಞಾಪಿಸುವಂತಿಲ್ಲವಾದುದರಿಂದ. ಇಲ್ಲಿ ಅದು ಕರೆಯದೆ ಬರುವ ಅತಿಥಿ. ಆದರೂ ಒಂದು ಹೂವಿನಿಂದ ಇನ್ನೊಂದಕ್ಕೆ ಪರಾಗ ಮುಟ್ಟಿಸುವ ಕೆಲಸಕ್ಕೆ ಎಷ್ಟು ದುಡಿಮೆ ಬೇಕೆಂಬುದನ್ನು ಈ ಹೊಲಗಳಷ್ಟು ಚೆನ್ನಾಗಿ ತೋರಿಸುವ ಪ್ರಯೋಗಶಾಲೆ ಮತ್ತೊಂದಿಲ್ಲ.

ಒಂದು ಸ್ಥೂಲ ಲೆಕ್ಕವನ್ನು ಹಾಕೋಣ. ಬೆಳಗಿನ ಸವರುವ ಕೆಲಸ ಒಂದು ಹೂವಿಗೆ ಅರ್ಧ ನಿಮಿಷವೆಂದು ಇಟ್ಟುಕೊಂಡರೆ, ಮೂರು ಗಂಟೆಗಳಲ್ಲಿ ಒಬ್ಬಳು ೩೬೦ ಹೂವುಗಳನ್ನು ಮುಗಿಸಬಲ್ಲಳು. ಜೇನ್ನೊಣ ಒಂದು ಸಲ ಗೂಡು ಬಿಟ್ಟು ಹೊರಟರೆ ೫೦ರಿಂದ ೧೦೦ ಹೂವುಗಳನ್ನು ಮುಟ್ಟಿ ಬರುತ್ತದೆಂದು ಎಣಿಸಿದ್ದಾರೆ. ತುಡುವೆ ಜೇನಿನ ಒಂದು ಪೆಟ್ಟಿಗೆಯಲ್ಲಿರುವ ಹಲವು ಸಾವಿರ ನೊಣಗಳಲ್ಲಿ ೧೦೦೦ ಮಾತ್ರ ಹೊರಗೆ ದುಡಿಯುತ್ತವೆ, ಒಂದೊಂದೂ ದಿನಕ್ಕೆ ೫ ಸುತ್ತು ಹೋಗುತ್ತದೆ, ಪ್ರತಿ ಸುತ್ತಿನಲ್ಲಿ ೫೦ ಹೂವು ಮಾತ್ರ ಎಂದು ಕಡಿಮೆಯಾಗಿಯೇ ಹಿಡಿಯಿರಿ. ಒಟ್ಟು ೨,೫೦,೦೦೦ ಭೇಟಿಗಳಾದವು. ಇದು ಸುಮಾರು ೭೦೦ ಜನರ ಬೆಳಗಿನ ದುಡಿಮೆಗೆ ಸಮ. ಪ್ರತಿಯೊಂದು ಭೇಟಿಯೂ ಫಲಿಸುವುದಿಲ್ಲ ನಿಜ. ಹತ್ತರಲ್ಲಿ ಒಂದೇ ಫಲಿಸಿದರೂ ೭೦ ಜನರ ಕೂಲಿಯಾಯಿತು. ಒಂದು ಪೆಟ್ಟಿಗೆ, ಒಂದು ದಿನ!

ಈ ಕೂಲಿಯನ್ನು ತೆತ್ತವರು ಯಾರು ಎಂಬುದನ್ನೂ ತರುಣ ವಾಚಕರು ತಿಳಿದಿರಬೇಕು. ಸಣ್ಣ ಬೆರಳುಗಳು ಈ ಕೆಲಸಕ್ಕೆ ತಕ್ಕವೆಂಬ ನೆಪದಿಂದ ಹತ್ತಿಬೀಜದ ಹೊಲಗಳಲ್ಲಿ ಹೆಣ್ಣುಮಕ್ಕಳನ್ನು ದುಡಿಸಿಕೊಳ್ಳುವುದು ಆಂಧ್ರ, ಗುಜರಾತು, ಕರ್ನಾಟಕಗಳಲ್ಲಿ ನಡೆದಿದೆಯೆಂದು ೨೦೦೦ರ ನಂತರದ ಅಧ್ಯಯನಗಳು ದಾಖಲಿಸಿವೆ. ಹೂವು ಬಿಡುವ ಕಾಲವೂ ಶಾಲೆ ನಡೆಯುವ ಕಾಲವೂ ಒಂದೇ. ಪರಾಗಸ್ಪರ್ಶದ ನಿಜವಾದ ಬೆಲೆ ಕೆಲವು ಕಡೆ ರೂಪಾಯಿಗಳಲ್ಲಿ ಸಂದಾಯವಾಗದೆ, ಬಿಟ್ಟುಹೋದ ತರಗತಿಗಳಲ್ಲಿ ಸಂದಾಯವಾಗಿದೆ. ಕೀಟಗಳ ಉಚಿತ ದುಡಿಮೆಯನ್ನು ಕಳೆದುಕೊಂಡ ಸಮಾಜ ಆ ಭಾರವನ್ನು ಯಾರ ಹೆಗಲಿಗೆ ದಾಟಿಸುತ್ತದೆಂಬುದಕ್ಕೆ ಇದು ಎಚ್ಚರಿಕೆ.

ಹೂವಿನ ಬಳಿ ಭೌತಶಾಸ್ತ್ರ

ಹಾಗಾದರೆ ಜೇನುಪೆಟ್ಟಿಗೆಗಳನ್ನು ಇಟ್ಟುಬಿಟ್ಟರೆ ಸಾಕಲ್ಲವೆ ಎಂದು ನೀವು ಕೇಳಬಹುದು. ಸಾಲದು. ಏಕೆಂದರೆ ಒಂದೊಂದು ಕೆಲಸಕ್ಕೆ ಒಬ್ಬೊಬ್ಬ ಕೆಲಸಗಾರ ಬೇಕು. ಇದನ್ನು ನಿಮ್ಮ ಕಾಲೇಜಿನ ಪ್ರಯೋಗಶಾಲೆಯ ಉಪಕರಣದಿಂದಲೇ ತಿಳಿಯಬಹುದು.

ಟೊಮೆಟೊ, ಬದನೆಗಳ ಪರಾಗ ಹೊರಗೆ ತೆರೆದುಕೊಂಡಿರುವುದಿಲ್ಲ. ಅದು ಉಪ್ಪಿನ ಡಬ್ಬಿಯಂಥ ಕೊಳವೆಯೊಳಗಿದ್ದು, ತುದಿಯ ರಂಧ್ರದಿಂದ ಮಾತ್ರ ಉದುರಬಲ್ಲದು. ಡಬ್ಬಿಯನ್ನು ಅಲುಗಿಸುವವರು ಬೇಕು. ಮರವನ್ನು ಕೊರೆದು ಗೂಡು ಮಾಡುವ ಕಪ್ಪು ದುಂಬಿಯೂ ನೆಲದಲ್ಲಿ ಬಿಲ ತೋಡುವ ನೀಲಿಪಟ್ಟೆಯ ಜೇನೂ ಈ ಹೂವನ್ನು ಕಾಲುಗಳಿಂದ ಬಿಗಿಯಾಗಿ ಹಿಡಿದು, ರೆಕ್ಕೆಗಳನ್ನು ಮಡಚಿ, ಹಾರಾಟದ ಸ್ನಾಯುಗಳನ್ನು ಮಾತ್ರ ಸೆಕೆಂಡಿಗೆ ಕೆಲವು ನೂರು ಸಲ ಕಂಪಿಸುತ್ತವೆ. ಹೂವೆಲ್ಲ ನಡುಗಿ ಪರಾಗ ಹೊಗೆಯಂತೆ ಹೊರಬೀಳುತ್ತದೆ. ಪ್ರಯೋಗಶಾಲೆಯಲ್ಲಿರುವ ೨೫೬ ಅಥವಾ ೫೧೨ ಕಂಪನಗಳ ಶ್ರುತಿಕವೆಯನ್ನು ಮಿಡಿದು ಅರಳಿದ ಟೊಮೆಟೊ ಹೂವಿಗೆ ತಾಕಿಸಿ, ಕೆಳಗೆ ಕಪ್ಪು ಕಾಗದವನ್ನು ಹಿಡಿಯಿರಿ; ಹಳದಿ ಹುಡಿ ಬೀಳುವುದನ್ನು ಕಾಣಬಹುದು. ಪೆಟ್ಟಿಗೆಯ ಜೇನ್ನೊಣಕ್ಕೆ ಈ ವಿದ್ಯೆ ಬಾರದು.

ವಿದ್ಯುತ್ತಿನ ಪಾಠವೂ ಇಲ್ಲಿ ಉಂಟು. ಗಾಳಿಯಲ್ಲಿ ಹಾರುವ ಜೇನ್ನೊಣದ ಮೈಗೆ ಸಾಮಾನ್ಯವಾಗಿ ಅಲ್ಪವಾದ ಧನ ವಿದ್ಯುದಾವೇಶ ಸೇರುತ್ತದೆ. ನೆಲಕ್ಕೆ ಬೇರೂರಿದ ಗಿಡದ ಹೂವಿನಲ್ಲಿ ಋಣ ಆವೇಶವಿರುತ್ತದೆ. ಒಣಕೂದಲಿಗೆ ಉಜ್ಜಿದ ಬಾಚಣಿಗೆ ಕಾಗದದ ಚೂರುಗಳನ್ನು ಎಳೆಯುವಂತೆ, ಜೇನ್ನೊಣ ಹತ್ತಿರ ಬಂದೊಡನೆ ಪರಾಗದ ಕಣಗಳು ಸ್ಪರ್ಶಕ್ಕೆ ಮೊದಲೇ ಹಾರಿ ಅದರ ರೋಮಗಳಿಗೆ ಅಂಟಿಕೊಳ್ಳಬಲ್ಲವು. ಬಂಬಲ್ ಜೇನುಗಳು ಹೂವಿನ ವಿದ್ಯುತ್ ಕ್ಷೇತ್ರವನ್ನು ಗುರುತಿಸಬಲ್ಲವೆಂಬುದನ್ನು ಇಂಗ್ಲೆಂಡಿನ ಬ್ರಿಸ್ಟಲ್ ವಿಶ್ವವಿದ್ಯಾಲಯದ ಸಂಶೋಧಕರು ೨೦೧೩ರಲ್ಲಿ ತೋರಿಸಿದರು. ಕಾಗದದ ಚೀಲ ಹಿಡಿದ ನಮ್ಮ ಕೈ ಈ ಸೂಕ್ಷ್ಮ ವ್ಯವಸ್ಥೆಗೆ ಎಂದಾದರೂ ಸರಿಗಟ್ಟೀತೆ?

ಮಾವಿನ ಸಂಗತಿ ಇನ್ನೂ ಬೇರೆ. ಮಾವಿನ ಹೂಗೊಂಚಲಿಗೆ ಜೇನ್ನೊಣಗಳೂ ಬರುತ್ತವೆ. ಆದರೆ ಹೆಚ್ಚಿನ ಕೆಲಸ ನಡೆಸುವವು ನಾವು ಅಸಹ್ಯದಿಂದ ಓಡಿಸುವ ನೊಣಗಳು. ಅವುಗಳ ಮರಿಗಳು ಬೆಳೆಯುವುದು ಸಗಣಿಯಲ್ಲಿ, ಕೊಳೆತ ಎಲೆಯಲ್ಲಿ. ಕೆಲವು ಜಾತಿಯವು ಗಿಡಗಳ ಮೇಲಿನ ಸಸ್ಯಹೇನುಗಳನ್ನು ತಿಂದು ಬೆಳೆಯುತ್ತವೆ. ಹಾಗಾದರೆ ನೊಣ ಉಪಕಾರಿಯೋ ಅಪಕಾರಿಯೋ? ಎರಡು ಪಟ್ಟಿಗಳ ವಿಭಾಗ ಇಲ್ಲಿಯೇ ಮುರಿದುಬೀಳುತ್ತದೆ.

ಸಾವಿರದಲ್ಲಿ ಎರಡು

ಈಗ ನಿಜವಾದ ಹಾನಿಕಾರಕನೊಬ್ಬನನ್ನು ತೆಗೆದುಕೊಳ್ಳೋಣ. ಅಮೆರಿಕ ಖಂಡದ ನಿವಾಸಿಯಾದ ಫಾಲ್ ಸೈನಿಕ ಹುಳು ೨೦೧೬ರಲ್ಲಿ ಆಫ್ರಿಕಾದಲ್ಲಿ ಕಾಣಿಸಿಕೊಂಡಿತು. ಭಾರತದಲ್ಲಿ ಅದನ್ನು ಮೊದಲು ಪತ್ತೆಹಚ್ಚಿದುದು ೨೦೧೮ರ ಮೇ ತಿಂಗಳಲ್ಲಿ, ಶಿವಮೊಗ್ಗದಲ್ಲಿ, ಹಿರೇಕೆರೂರಿನ ನೆರೆಯ ಜಿಲ್ಲೆಯಲ್ಲಿ. ಗೋವಿನಜೋಳದ ಸುಳಿಯೊಳಗೆ ಕುಳಿತು ತಿನ್ನುವ ಈ ಹುಳು ಕೆಲವೇ ತಿಂಗಳುಗಳಲ್ಲಿ ದೇಶದ ಅನೇಕ ರಾಜ್ಯಗಳಿಗೆ ಹಬ್ಬಿತು.

ಇದರ ಹೆಣ್ಣುಪತಂಗ ತನ್ನ ಅಲ್ಪಾಯುಷ್ಯದಲ್ಲಿ ಸಾವಿರಕ್ಕೂ ಮಿಕ್ಕಿ ಮೊಟ್ಟೆಗಳನ್ನಿಡಬಲ್ಲದು. ಬೆಚ್ಚನೆಯ ಹವೆಯಲ್ಲಿ ಒಂದು ಪೀಳಿಗೆಗೆ ಸುಮಾರು ಒಂದು ತಿಂಗಳು ಸಾಕು. ಸಾವಿರ ಮೊಟ್ಟೆಗಳೆಂದೇ ಇಟ್ಟುಕೊಳ್ಳೋಣ. ಎಲ್ಲವೂ ಬದುಕಿದರೆ ೫೦೦ ಹೆಣ್ಣುಗಳು. ಮುಂದಿನ ತಿಂಗಳು ೨,೫೦,೦೦೦. ಮೂರನೆಯ ತಿಂಗಳು ಹನ್ನೆರಡೂವರೆ ಕೋಟಿ. ಹೀಗೆ ಎಲ್ಲಿಯೂ ಆಗುವುದಿಲ್ಲವೆಂಬುದು ನಮಗೆ ಗೊತ್ತು. ಹುಳುವಿನ ಸಂಖ್ಯೆ ಹೆಚ್ಚದೆ ಕುಂದದೆ ನಿಂತಿರಬೇಕಾದರೆ ಒಂದು ಜೋಡಿಯ ಜಾಗದಲ್ಲಿ ಒಂದೇ ಜೋಡಿ ಉಳಿಯಬೇಕು. ಸಾವಿರದಲ್ಲಿ ಎರಡು ಬದುಕಿ ೯೯೮ ಸಾಯಬೇಕು. ಆ ೯೯೮ನ್ನು ಕೊಲ್ಲುವವರು ಯಾರು?

ಮಳೆ, ಬಿಸಿಲು, ರೋಗ, ಹಕ್ಕಿ ಒಂದಷ್ಟನ್ನು ಕೊಲ್ಲುತ್ತವೆ. ಇನ್ನೊಂದು ದೊಡ್ಡ ಪಾಲನ್ನು ಕೊಲ್ಲುವವು ಕೀಟಗಳೇ. ಅರ್ಧ ಮಿಲಿಮೀಟರಿನಷ್ಟು ಚಿಕ್ಕದಾದ ಟ್ರೈಕೊಗ್ರಾಮ ಕಣಜ ಬೇರೆ ಕೀಟದ ಮೊಟ್ಟೆಯೊಳಗೆ ತನ್ನ ಮೊಟ್ಟೆಯನ್ನಿಡುತ್ತದೆ. ಹುಳು ಹೊರಬರಬೇಕಾದಲ್ಲಿ ಕಣಜ ಹೊರಬರುತ್ತದೆ. ಇರುವೆ, ಕಡಜ, ಗುಲಗಂಜಿ ಹುಳು, ತಿಗಣೆಗಳ ಕೆಲವು ಜಾತಿಗಳು, ಕೀಟವಲ್ಲದಿದ್ದರೂ ಕೀಟಗಳ ನೆರೆಯವನಾದ ಜೇಡ ಇವೆಲ್ಲ ತಮ್ಮ ತಮ್ಮ ಪಾಲನ್ನು ತೆಗೆದುಕೊಳ್ಳುತ್ತವೆ. ಮಳೆಗಾಲದಲ್ಲಿ ಹುಳುಗಳಿಗೆ ರೋಗ ತಂದು ಅವುಗಳನ್ನು ಬಿಳುಪಾಗಿ ಒಣಗಿಸುವ ನೊಮುರಿಯ ಎಂಬ ಶಿಲೀಂಧ್ರವನ್ನು ಧಾರವಾಡದ ಕೃಷಿ ವಿಶ್ವವಿದ್ಯಾಲಯ ರೈತರ ಬಳಕೆಗೆ ತಂದಿದೆ.

ಈಗ ಲೆಕ್ಕದ ಮುಖ್ಯ ಮಾತಿಗೆ ಬರೋಣ. ಸಾವಿರದಲ್ಲಿ ಎರಡರ ಬದಲು ನಾಲ್ಕು ಉಳಿದವೆನ್ನಿ. ಮರಣದ ಪ್ರಮಾಣ ಶೇಕಡಾ ೯೯.೮ರಿಂದ ೯೯.೬ಕ್ಕೆ ಇಳಿಯಿತು. ಕಣ್ಣಿಗೆ ಕಾಣದಷ್ಟು ಅಲ್ಪ ವ್ಯತ್ಯಾಸ! ಆದರೆ ಹುಳುವಿನ ಸಂಖ್ಯೆ ತಿಂಗಳಿಗೊಮ್ಮೆ ಇಮ್ಮಡಿಯಾಗುತ್ತದೆ. ನಾಲ್ಕು ತಿಂಗಳಲ್ಲಿ ೧೬ ಪಟ್ಟು. ನಾವು ಹೊಡೆಯುವ ವಿಷ ಹುಳುವನ್ನೂ ಅದರ ವೈರಿಗಳನ್ನೂ ಒಟ್ಟಿಗೆ ಕೊಲ್ಲುತ್ತದೆ. ಸುಳಿಯೊಳಗೆ ಅಡಗಿದ ಹುಳು ಕೆಲವಾದರೂ ಉಳಿಯುತ್ತದೆ, ಬೇಗ ಹೆಚ್ಚುತ್ತದೆ. ಎಲೆಯ ಮೇಲೆ ಬಯಲಿನಲ್ಲಿ ಅಲೆಯುವ ವೈರಿ ಸಾಯುತ್ತದೆ, ನಿಧಾನವಾಗಿ ಮರಳುತ್ತದೆ. ಆ ನಡುವಣ ಅವಧಿಯಲ್ಲಿ ಹುಳುವಿಗೆ ಯಜಮಾನರಿಲ್ಲ. ಆಗ ರೈತ ಮತ್ತೆ ಪಂಪು ಹೊರುತ್ತಾನೆ. ಮೂಗಿಗೆ ನೆಗಡಿಯಾಯಿತೆಂದು ಮೂಗನ್ನೇ ಕೊಯ್ದುಕೊಂಡಂತೆ ಇದು.

ಇದು ಬರಿಯ ಊಹೆಯಲ್ಲ. ಭತ್ತದ ಕಂದು ಜಿಗಿಹುಳು ಹೀಗೆಯೇ ವಿಷದ ಬಳಕೆಯ ಬೆನ್ನಿಗೆ ಇಂಡೊನೇಷ್ಯದಲ್ಲಿ ಮಿತಿಮೀರಿ ಹೆಚ್ಚಿತು. ೧೯೮೬ರಲ್ಲಿ ಅಲ್ಲಿನ ಸರ್ಕಾರ ಭತ್ತದ ಗದ್ದೆಗಳಲ್ಲಿ ೫೭ ಬಗೆಯ ಕೀಟನಾಶಕಗಳನ್ನು ನಿಷೇಧಿಸಿತು. ಅನ್ನಕ್ಕೆ ಬರ ಬರಲಿಲ್ಲ. ಹಾನಗಲ್ಲಿನ ಭತ್ತಕ್ಕೂ ಈ ಪಾಠ ಸಲ್ಲತಕ್ಕದ್ದು. ಹತ್ತಿಯ ಕಥೆಯೂ ಇದನ್ನೇ ಹೇಳುತ್ತದೆ. ಕಾಯಿಕೊರಕವನ್ನು ತಡೆಯಲು ಒಂದು ಬ್ಯಾಕ್ಟೀರಿಯದ ಜೀನನ್ನು ಸೇರಿಸಿದ ಬಿಟಿ ಹತ್ತಿಗೆ ೨೦೦೨ರಲ್ಲಿ ಅನುಮತಿ ದೊರೆಯಿತು. ಮೊದಲ ವರ್ಷಗಳಲ್ಲಿ ಕಾಯಿಕೊರಕಕ್ಕಾಗಿ ಹೊಡೆಯುವ ವಿಷ ಕಡಿಮೆಯಾಯಿತು. ಆದರೆ ಗುಲಾಬಿ ಕಾಯಿಕೊರಕ ಆ ತಡೆಯನ್ನು ಮೀರಲು ಕಲಿತಿದೆಯೆಂಬ ವರದಿ ೨೦೧೦ರಲ್ಲಿಯೇ ಗುಜರಾತಿನಿಂದ ಬಂದಿತು. ಮುಂದೆ ಇತರ ರಾಜ್ಯಗ‍ಳಲ್ಲಿಯೂ ಅದು ಹಾವಳಿಯಿಟ್ಟಿತು. ಒಂದೇ ಆಯುಧವನ್ನು ನೆಚ್ಚಿದವನಿಗೆ ಗೆಲುವು ಬಹುಕಾಲ ನಿಲ್ಲುವುದಿಲ್ಲ.

ಕಸ ತೆಗೆಯುವವರು

ಕೀಟಗಳ ಇನ್ನೊಂದು ವರ್ಗದ ಕೆಲಸ ನಮ್ಮ ಗಮನಕ್ಕೆ ಬರುವುದೇ ಇಲ್ಲ. ಬಯಲಿನಲ್ಲಿ ಬಿದ್ದ ಸಗಣಿಯನ್ನು ಉಂಡೆಮಾಡಿ ಉರುಳಿಸಿ ನೆಲದೊಳಗೆ ಹೂಳುವ ಸಗಣಿ ಹುಳುವನ್ನು ಹಳ್ಳಿಯ ಮಕ್ಕಳೆಲ್ಲ ಬಲ್ಲರು. ಅದರ ಬೆಲೆ ಗೊತ್ತಾದುದು ಆಸ್ಟ್ರೇಲಿಯದಲ್ಲಿ. ಅಲ್ಲಿಗೆ ಯುರೋಪಿನವರು ದನಗಳನ್ನು ಒಯ್ದರು, ಸಗಣಿ ಹುಳುಗಳನ್ನು ಒಯ್ಯಲಿಲ್ಲ. ಕಾಂಗರೂಗಳ ಒಣ ಹಿಕ್ಕೆಗೆ ಒಗ್ಗಿದ್ದ ಅಲ್ಲಿನ ಹುಳುಗಳಲ್ಲಿ ಹೆಚ್ಚಿನವು ದನದ ಸಗಣಿಯನ್ನು ಮುಟ್ಟಲಿಲ್ಲ. ಸಗಣಿ ನೆಲದ ಮೇಲೆಯೇ ಒಣಗಿ ಹುಲ್ಲುಗಾವಲು ಕೆಟ್ಟಿತು, ನೊಣಗಳು ಹೆಚ್ಚಿದವು. ಕೊನೆಗೆ ೧೯೬೮ರಿಂದ ಮುಂದೆ ಆ ದೇಶದ ಸರ್ಕಾರಿ ವಿಜ್ಞಾನ ಸಂಸ್ಥೆ ಆಫ್ರಿಕಾ, ಯುರೋಪುಗಳಿಂದ ಸಗಣಿ ಹುಳುಗಳನ್ನು ತರಿಸಿ ಬಿಡಬೇಕಾಯಿತು.

ನಮ್ಮಲ್ಲಿಯೂ ಇಂಥ ಉದಾಹರಣೆ ಉಂಟು. ದಾರಿಯ ಬದಿಗಳನ್ನೂ ಬೀಳುಭೂಮಿಗಳನ್ನೂ ತುಂಬಿರುವ ಪಾರ್ಥೇನಿಯಂ, ಅಂದರೆ ಕಾಂಗ್ರೆಸ್ ಹುಲ್ಲು, ಹೊರಗಿನಿಂದ ಬಂದ ಕಳೆ. ಅದರ ವೈರಿಗಳು ತವರಿನಲ್ಲಿಯೇ ಉಳಿದುವು. ೧೯೮೩ರಲ್ಲಿ ಮೆಕ್ಸಿಕೊದಿಂದ ಬೆಂಗಳೂರಿಗೆ ಒಂದು ಜೀರುಂಡೆಯನ್ನು ತರಿಸಿ, ಪರೀಕ್ಷಿಸಿ, ಮರುವರ್ಷ ಬಯಲಿಗೆ ಬಿಟ್ಟರು. ಮಳೆಗಾಲದಲ್ಲಿ ಕಾಂಗ್ರೆಸ್ ಹುಲ್ಲಿನ ಎಲೆಗಳು ಜರಡಿಯಂತಾಗಿದ್ದರೆ ಹತ್ತಿರ ಹೋಗಿ ನೋಡಿ. ಬೆಳ್ಳನೆಯ ಬೆನ್ನಿನ ಮೇಲೆ ಕಂದು ಗೀರುಗಳುಳ್ಳ ಜೀರುಂಡೆ ಅಲ್ಲಿರುವ ಸಂಭವವುಂಟು. ಕಳೆ ಇನ್ನೂ ಹೋಗಿಲ್ಲ. ಆದರೆ ಯಾರೂ ಕೂಲಿ ಕೊಡದಿದ್ದರೂ ಒಬ್ಬ ಕೆಲಸಗಾರ ಅಲ್ಲಿ ದುಡಿಯುತ್ತಿದ್ದಾನೆ.

ರೈತನ ಪ್ರಶ್ನೆ

ಇಷ್ಟು ಹೇಳಿದ ಮೇಲೆ ರೈತನು ಕೇಳುವ ಪ್ರಶ್ನೆಗೆ ಉತ್ತರ ಕೊಡದಿದ್ದರೆ ಅದು ಅನ್ಯಾಯವಾಗುತ್ತದೆ. ‘ನಿಮ್ಮ ಲೆಕ್ಕ ಸರಿ; ಆದರೆ ನನ್ನ ಬೆಳೆ ಈ ವಾರವೇ ಹೋಗುತ್ತಿದೆಯಲ್ಲ?’ ಎಂದು ಅವನು ಕೇಳಿದರೆ ಅದು ಅಜ್ಞಾನದ ಮಾತಲ್ಲ. ಮೆಣಸಿನ ಗಿಡಕ್ಕೆ ಮುಟುರು ತರುವ ಥ್ರಿಪ್ಸ್ ನುಸಿ ಇಲ್ಲಿ ಹಳೆಯ ಪೀಡೆ. ಅದರ ಮೇಲೆ, ಹೊರದೇಶದಿಂದ ಬಂದ ಇನ್ನೊಂದು ಜಾತಿಯ ಥ್ರಿಪ್ಸ್ ೨೦೨೧ರಲ್ಲಿ ಆಂಧ್ರ, ತೆಲಂಗಾಣ, ಕರ್ನಾಟಕಗಳ ಮೆಣಸಿನಕಾಯಿ ಹೊಲಗಳನ್ನು ಹೊಕ್ಕು ಹೂವುಗಳನ್ನೇ ಉದುರಿಸಿತು. ಸಾಲ ಮಾಡಿ ಬಿತ್ತಿದವನಿಗೆ ತಾಳ್ಮೆಯನ್ನು ಬೋಧಿಸುವುದು ಸುಲಭ. ಅದನ್ನು ಪಾಲಿಸುವುದು ಅವನಿಗೆ ಸುಲಭವಲ್ಲ. ವಿಷವನ್ನು ಎಂದೂ ಮುಟ್ಟಬಾರದೆಂಬ ವಾದ ನನ್ನದಲ್ಲ. ಡೆಂಗೀ ಹಬ್ಬಿದ ಊರಿನಲ್ಲಿ ಸೊಳ್ಳೆಯ ಪರವಾಗಿ ವಕಾಲತ್ತು ಮಾಡುವವನೂ ನಾನಲ್ಲ.

ನನ್ನ ಆಕ್ಷೇಪಣೆ ಇರುವುದು ಎಣಿಸದೆ, ನೋಡದೆ, ಹೊತ್ತುಗೊತ್ತು ಇಲ್ಲದೆ ಹೊಡೆಯುವ ಅಭ್ಯಾಸದ ಮೇಲೆ. ಹುಳು ಕಂಡಿತೆಂದು ಹೊಡೆಯುತ್ತಾರೆ. ನೆರೆಯವನು ಹೊಡೆದನೆಂದು ಹೊಡೆಯುತ್ತಾರೆ. ಅಂಗಡಿಯವನು ಕೊಟ್ಟನೆಂದು ಎರಡು ಮೂರನ್ನು ಕೂಡಿಸಿ ಹೊಡೆಯುತ್ತಾರೆ. ವಿಷಕ್ಕೆ ನಮ್ಮ ಆಡುಮಾತಿನಲ್ಲಿ ‘ಔಷಧ’ವೆಂದೇ ಹೆಸರು. ಆದರೆ ರೋಗವನ್ನು ಪರೀಕ್ಷಿಸದೆ ಔಷಧ ಕೊಡುವ ವೈದ್ಯನನ್ನು ನಾವು ಮೆಚ್ಚುತ್ತೇವೆಯೆ?

ಏನು ಮಾಡತಕ್ಕದ್ದು?

ಮೊದಲನೆಯದು, ಹೊತ್ತು. ಹೂವಿರುವ ಬೆಳೆಗೆ ಹಗಲಿನಲ್ಲಿ ವಿಷ ಹೊಡೆಯಬಾರದು. ಹೊಡೆಯಲೇಬೇಕಾದರೆ ಜೇನ್ನೊಣಗಳು ಗೂಡಿಗೆ ಮರಳಿದ ಮೇಲೆ, ಸಂಜೆ. ಮಾವಿನ ಜಿಗಿಹುಳುವಿಗೆ ಹೂಗೊಂಚಲು ಮೂಡುವಾಗಲೇ ಕ್ರಮ ಕೈಗೊಳ್ಳಬೇಕು. ಹೂವು ಪೂರ್ಣ ಅರಳಿದಾಗ ಹೊಡೆದರೆ ಜಿಗಿಹುಳುವಿನ ಜೊತೆಗೆ ಕಾಯಿ ಕಟ್ಟಿಸುವ ನೊಣವೂ ಸತ್ತು, ರೈತನು ತನ್ನ ಹಣದಿಂದಲೇ ತನ್ನ ಫಲವನ್ನು ಕಡಿಮೆ ಮಾಡಿಕೊಂಡಂತಾಗುತ್ತದೆ.

ಎರಡನೆಯದು, ಎಣಿಕೆ. ಹತ್ತಿಪ್ಪತ್ತು ಗಿಡಗಳನ್ನು ಪರೀಕ್ಷಿಸಿ, ಆಗುವ ನಷ್ಟ ವಿಷದ ಖರ್ಚನ್ನು ಮೀರುವಷ್ಟು ಹುಳುಗಳಿವೆಯೆ ಎಂದು ನೋಡಿದ ಮೇಲೆಯೇ ಪಂಪಿಗೆ ಕೈಹಾಕಬೇಕು. ಯಾವ ಬೆಳೆಗೆ, ಯಾವ ಹುಳುವಿಗೆ ಎಷ್ಟು ಎಂಬ ಮಿತಿಯನ್ನು ಕೃಷಿ ವಿಜ್ಞಾನಿಗಳು ಗೊತ್ತುಮಾಡಿದ್ದಾರೆ; ಹಾವೇರಿ ಜಿಲ್ಲೆಯವರು ಅದನ್ನು ಹನುಮನಮಟ್ಟಿಯ ಕೃಷಿ ವಿಜ್ಞಾನ ಕೇಂದ್ರದಲ್ಲಿ ಕೇಳಿ ತಿಳಿಯಬಹುದು.

ಮೂರನೆಯದು, ನೆಲೆ. ಕೆಲಸಗಾರನಿಗೆ ಮನೆ ಬೇಕು. ಕಪ್ಪು ದುಂಬಿಗೆ ಒಣಮರದ ಕೊರಡು ಬೇಕು, ನೀಲಿಪಟ್ಟೆಯ ಜೇನಿಗೆ ಅಗೆಯದ ಬದು ಬೇಕು, ಕಣಜಗಳಿಗೆ ಬೆಳೆಯಿಲ್ಲದ ಕಾಲದಲ್ಲಿ ಮಕರಂದ ಕೊಡುವ ಕಾಡುಹೂವು ಬೇಕು. ಬದುವಿನ ಮೇಲಿನ ಪ್ರತಿಯೊಂದು ಹಸಿರನ್ನೂ ಕಳೆನಾಶಕದಿಂದ ಸುಡುವುದು ಅಚ್ಚುಕಟ್ಟುತನವೆಂದು ತೋರಬಹುದು; ನಿಜವಾಗಿ ಅದು ಆಳುಗಳ ಮನೆಗೆ ಬೆಂಕಿಯಿಟ್ಟು ಸುಗ್ಗಿಗೆ ಕರೆದಂತೆ.

ನಾಲ್ಕನೆಯದು ವಿದ್ಯಾರ್ಥಿಗಳಿಗೆ ಸೇರಿದ್ದು. ಜರ್ಮನಿಯ ಕ್ರೇಫೆಲ್ಡ್ ಎಂಬ ಊರಿನ ಹವ್ಯಾಸಿ ಕೀಟಾಭ್ಯಾಸಿಗಳ ಸಂಘವೊಂದು ವರ್ಷವರ್ಷವೂ ಒಂದೇ ಕ್ರಮದಲ್ಲಿ ಹಾರುವ ಕೀಟಗಳನ್ನು ಹಿಡಿದು ತೂಗಿ ಬರೆದಿಟ್ಟಿತು. ೨೭ ವರ್ಷಗಳಲ್ಲಿ ಆ ತೂಕ ಶೇಕಡಾ ೭೫ಕ್ಕಿಂತ ಹೆಚ್ಚು ಇಳಿದಿದೆಯೆಂಬುದು ೨೦೧೭ರಲ್ಲಿ ಪ್ರಕಟವಾದಾಗ ಜಗತ್ತೇ ಬೆಚ್ಚಿತು. ಅಂಥ ದಾಖಲೆ ನಮ್ಮ ತಾಲ್ಲೂಕುಗಳಿಗೂ ಬೇಕು. ಅದಕ್ಕೆ ದುಬಾರಿಯಾದ ಉಪಕರಣಗಳು ಬೇಡ. ಶಾಲೆಯ ಹತ್ತಿರದ ಒಂದು ಹೂಬಿಟ್ಟ ಹೊಲದಲ್ಲಿ ಒಂದು ಚದರ ಮೀಟರು ಜಾಗವನ್ನು ಗೊತ್ತುಮಾಡಿ. ವಾರಕ್ಕೊಮ್ಮೆ, ಬೆಳಿಗ್ಗೆ, ಮಧ್ಯಾಹ್ನ, ಸಂಜೆ ಹತ್ತು ಹತ್ತು ನಿಮಿಷ ಕುಳಿತು, ಹೂವಿಗೆ ಬಂದ ಜೇನ್ನೊಣವೆಷ್ಟು, ನೊಣವೆಷ್ಟು, ಚಿಟ್ಟೆಯೆಷ್ಟು, ಜೀರುಂಡೆಯೆಷ್ಟು ಎಂದು ಬರೆಯಿರಿ. ಉಷ್ಣತೆ, ಮೋಡ, ಗಾಳಿಗಳನ್ನೂ ನಮೂದಿಸಿ. ಹೊಲದ ಯಜಮಾನನನ್ನು ಕೇಳಿ, ವಿಷ ಹೊಡೆದ ದಿನಾಂಕವನ್ನೂ ಬರೆದುಕೊಳ್ಳಿ. ಒಂದು ದಿನದ ಎಣಿಕೆಯಿಂದ ಯಾವ ತೀರ್ಮಾನಕ್ಕೂ ಬರಬೇಡಿ. ಪ್ರಯೋಗಶಾಲೆಯಲ್ಲಿ ಲೋಲಕದ ಆಂದೋಲನವನ್ನು ಮತ್ತೆ ಮತ್ತೆ ಅಳೆದು ಸರಾಸರಿ ತೆಗೆಯುವಂತೆ ಇಲ್ಲಿಯೂ ತಾಳ್ಮೆ ಬೇಕು. ನಾಲ್ಕು ತಾಲ್ಲೂಕುಗಳಲ್ಲಿ ಹತ್ತು ಶಾಲೆಗಳು ಹತ್ತು ವರ್ಷ ಈ ಪುಸ್ತಕವನ್ನು ನಡೆಸಿಕೊಂಡು ಹೋದರೆ, ಯಾವ ಸರ್ಕಾರವೂ ಯಾವ ಕಂಪನಿಯೂ ಅಲ್ಲಗಳೆಯಲಾಗದ ಸಾಕ್ಷ್ಯ ನಮ್ಮ ಕೈಯಲ್ಲಿರುತ್ತದೆ.

ಕೀಟಗಳನ್ನು ಪ್ರೀತಿಸಿರೆಂದು ನಾನು ಕೇಳುವುದಿಲ್ಲ. ಗೆದ್ದಲು ಪುಸ್ತಕ ತಿಂದರೆ ನನಗೂ ಸಿಟ್ಟು ಬರುತ್ತದೆ. ನಾನು ಕೇಳುವುದು ಲೆಕ್ಕವನ್ನು. ಆಳನ್ನು ಕೆಲಸದಿಂದ ಬಿಡಿಸುವ ಮುಂಚೆ ಅವನು ಏನು ಮಾಡುತ್ತಿದ್ದ, ನಾಳೆಯಿಂದ ಆ ಕೆಲಸವನ್ನು ಯಾರು ಮಾಡುತ್ತಾರೆ, ಅವರಿಗೆ ಕೂಲಿಯೆಷ್ಟು ಎಂದು ಯಾವ ಯಜಮಾನನೂ ಯೋಚಿಸುತ್ತಾನೆ. ಪಂಪಿನ ಹಿಡಿಯನ್ನು ಒತ್ತುವ ಮುಂಚೆ ಅಷ್ಟೇ ಯೋಚನೆ ಸಾಕು.